ಅಕಿನ್‌ಫೆನ್ವಾ ಅಂದ್ರೆ ಬರೀ ತೂಕನಾ? ಇಂಗ್ಲೆಂಡಿನ ಕೆಳ ಲೀಗ್‌ಗಳಲ್ಲಿ ಒಬ್ಬ ಫಾರ್ವರ್ಡ್‌ನ 20 ವರ್ಷ

ಒಂಬತ್ತನೇ ನಂಬರ್

ಫಿಫಾ ಗೇಮ್ ಆಡಿದವರಿಗೆಲ್ಲ ಅಡೆಬಾಯೊ ಅಕಿನ್‌ಫೆನ್ವಾ ಗೊತ್ತು. ವರ್ಷಗಟ್ಟಲೆ ಆ ಗೇಮ್‌ನಲ್ಲಿ ಎಲ್ಲರಿಗಿಂತ ಬಲಶಾಲಿ ಆಟಗಾರ ಅವರೇ. ನೂರು ಕೆಜಿ ದಾಟಿದ ಮೈ, 'ಬೀಸ್ಟ್' ಎಂಬ ಅಡ್ಡಹೆಸರು. ಅವರ ಯಾವ ವಿಡಿಯೋ ನೋಡಿದರೂ ಕೆಳಗೆ ಅದೇ ಮಾತು: ಇವರು ರಗ್ಬಿ ಆಡಬೇಕಿತ್ತು, ಫುಟ್‌ಬಾಲ್‌ಗೆ ಹೇಗೆ ಬಂದರು?

ನನಗೆ ಇದು ನಿಜಕ್ಕೂ ಬೇಸರ ತರುತ್ತದೆ. 2001ರಲ್ಲಿ ಶುರುವಾಗಿ 2022ರವರೆಗೆ ನಡೆದ ವೃತ್ತಿಜೀವನ ಇದು. ಒಂದೇ ಒಂದು ಪ್ರೀಮಿಯರ್ ಲೀಗ್ ಪಂದ್ಯ ಇಲ್ಲ. ಆದರೂ 200ಕ್ಕಿಂತ ಜಾಸ್ತಿ ಗೋಲುಗಳಿವೆ. ನಲವತ್ತು ತುಂಬಿದ ಮೇಲೆ ವೆಂಬ್ಲಿಯಲ್ಲಿ ಕೊನೆಯ ಪಂದ್ಯ. ಬರೀ ತೂಕ ಇದ್ದವರಿಗೆ ಇಷ್ಟು ವರ್ಷ ಯಾರೂ ಸಂಬಳ ಕೊಡುವುದಿಲ್ಲ. ನಾಲ್ಕನೇ ಹಂತದ ಲೀಗ್ ಟೂನಲ್ಲಿ ದಪ್ಪ, ಎತ್ತರದ ಡಿಫೆಂಡರ್‌ಗಳಿಗೇನು ಬರವೇ?

ನನ್ನ ವಾದ ಇಷ್ಟೇ. ಅಕಿನ್‌ಫೆನ್ವಾ ಒಬ್ಬ ಕಸುಬುದಾರ. ಗೋಲಿಗೆ ಬೆನ್ನು ಹಾಕಿ ನಿಂತು ಬಾಲ್ ಹಿಡಿಯುವ ಕೆಲಸದಲ್ಲಿ ಅವರ ಕಾಲದ ಕೆಳ ಲೀಗ್‌ಗಳಲ್ಲಿ ಅವರಿಗಿಂತ ಚೆನ್ನಾಗಿ ಮಾಡಿದವರು ಕಡಿಮೆ. ಆ ಕೆಲಸದ ಬಗ್ಗೆ, ಮತ್ತು ಅವರು ದಾಟಿ ಬಂದ ಕ್ಲಬ್‌ಗಳ ಬಗ್ಗೆ ಇಲ್ಲಿ ಮಾತಾಡೋಣ ಎಂದು ಈ ಎಳೆ ಶುರು ಮಾಡಿದ್ದೇನೆ. ಗೊತ್ತಿರುವವರು ಸೇರಿಸಿ. ಒಪ್ಪದವರು ಕೂಡ ಬರೆಯಿರಿ.

ಕಂಠೀರವ ಗ್ಯಾಲರಿ

ನಾನು ಒಪ್ಪದವನು. ಬೇಜಾರು ಮಾಡ್ಕೋಬೇಡಿ.

ಅಕಿನ್‌ಫೆನ್ವಾ ಒಳ್ಳೆಯ ಮನುಷ್ಯ, ಸಂಶಯವೇ ಇಲ್ಲ. ಆದರೆ ಕೆಳ ಲೀಗ್ ಫಾರ್ವರ್ಡ್ ಅಂದರೆ ಮೊದಲು ನೆನಪಿಗೆ ಬರಬೇಕಾದವರು ರಿಕಿ ಲ್ಯಾಂಬರ್ಟ್. ಇಬ್ಬರೂ ಹುಟ್ಟಿದ್ದು 1982ರಲ್ಲಿ, ಲ್ಯಾಂಬರ್ಟ್ ಫೆಬ್ರವರಿಯಲ್ಲಿ, ಅಕಿನ್‌ಫೆನ್ವಾ ಮೇ ತಿಂಗಳಲ್ಲಿ. ಲ್ಯಾಂಬರ್ಟ್‌ರನ್ನು ಲಿವರ್‌ಪೂಲ್ ಅಕಾಡೆಮಿ ಹದಿನೈದರ ಹೊತ್ತಿಗೆ ಹೊರಗೆ ಕಳಿಸಿತು. ಬ್ಲ್ಯಾಕ್‌ಪೂಲ್ ಕೂಡ ಬಿಟ್ಟಿತು. ಆಮೇಲೆ ಬೀಟ್‌ರೂಟ್ ಕಾರ್ಖಾನೆಯಲ್ಲಿ ದಿನಗೂಲಿ ಮಾಡಿದರು. ಅಲ್ಲಿಂದ ಮ್ಯಾಕಲ್ಸ್‌ಫೀಲ್ಡ್, ಸ್ಟಾಕ್‌ಪೋರ್ಟ್, ರೋಚ್‌ಡೇಲ್, ಬ್ರಿಸ್ಟಲ್ ರೋವರ್ಸ್. 2009ರಲ್ಲಿ ಸೌತಾಂಪ್ಟನ್. ಆಮೇಲೆ ಪ್ರೀಮಿಯರ್ ಲೀಗ್, ಇಂಗ್ಲೆಂಡ್ ತಂಡ, 2014ರ ವಿಶ್ವಕಪ್, ಕೊನೆಗೆ ಅದೇ ಲಿವರ್‌ಪೂಲ್.

2013ರ ಆಗಸ್ಟ್‌ನಲ್ಲಿ ಸ್ಕಾಟ್ಲೆಂಡ್ ವಿರುದ್ಧ ವೆಂಬ್ಲಿಯಲ್ಲಿ ಇಂಗ್ಲೆಂಡ್ ಪರ ಮೊದಲ ಪಂದ್ಯ. ರೂನಿ ಜಾಗಕ್ಕೆ ಬಂದರು. ಲೇಟನ್ ಬೇನ್ಸ್ ಕಾರ್ನರ್ ಹೊಡೆದರು. ಲ್ಯಾಂಬರ್ಟ್ ಮೊದಲ ಸಲ ಬಾಲ್ ಮುಟ್ಟಿದ್ದೇ ಹೆಡರ್, ಅದೇ ಗೋಲು, ಅದೇ ಗೆಲುವಿನ ಗೋಲು. 3–2.

ನನ್ನ ಪ್ರಶ್ನೆ ಸರಳ. ಒಬ್ಬರು ಆ ಎತ್ತರಕ್ಕೆ ಹೋದರು. ಇನ್ನೊಬ್ಬರು ಹೋಗಲಿಲ್ಲ. ಹಾಗಿದ್ದ ಮೇಲೆ ಅಕಿನ್‌ಫೆನ್ವಾ ಹೆಸರು ಇಷ್ಟು ದೊಡ್ಡದಾಗಿದ್ದು ಗೇಮ್‌ನಿಂದ, ಮೈಕಟ್ಟಿನಿಂದ ತಾನೇ?

ಒಂಬತ್ತನೇ ನಂಬರ್

ಲ್ಯಾಂಬರ್ಟ್ ಬಗ್ಗೆ ನೀವು ಹೇಳಿದ್ದು ಪೂರ್ತಿ ಸರಿ. ಆದರೆ ಅವರನ್ನು ಅಳತೆಗೋಲು ಮಾಡಿದರೆ ಉಳಿದ ಯಾರೂ ನಿಲ್ಲುವುದಿಲ್ಲ. ಪ್ರೀಮಿಯರ್ ಲೀಗ್‌ನಲ್ಲಿ 20 ಕ್ಲಬ್. ಅದರ ಕೆಳಗೆ ಚಾಂಪಿಯನ್‌ಶಿಪ್, ಲೀಗ್ ಒನ್, ಲೀಗ್ ಟೂ, ಒಂದೊಂದರಲ್ಲಿ 24. ಅಂದರೆ 72 ಕ್ಲಬ್. ಎಲ್ಲದರಲ್ಲೂ ಮೂರು ನಾಲ್ಕು ಫಾರ್ವರ್ಡ್ ಇರುತ್ತಾರೆ. ಪ್ರತಿ ವರ್ಷ ಅಕಾಡೆಮಿಗಳಿಂದ ಹೊಸ ಹುಡುಗರು ಬರುತ್ತಾರೆ. ಅದರ ನಡುವೆ 20 ವರ್ಷ ಜಾಗ ಉಳಿಸಿಕೊಳ್ಳುವುದೇ ದೊಡ್ಡ ಸಾಧನೆ.

ಶುರುವಾದದ್ದು ಎಲ್ಲಿ ನೋಡಿ. ಲಂಡನ್ನಿನ ಇಸ್ಲಿಂಗ್ಟನ್ ಹುಡುಗ, ನೈಜೀರಿಯಾ ಮೂಲದ ಮನೆ. ವಾಟ್‌ಫರ್ಡ್ ಯೂತ್ ತಂಡದಲ್ಲಿದ್ದರು, ಸೀನಿಯರ್ ಒಪ್ಪಂದ ಸಿಗಲಿಲ್ಲ. ಇನ್ನೂ ಇಪ್ಪತ್ತು ತುಂಬಿರದ ಹುಡುಗ ಲಿಥುವೇನಿಯಾಕ್ಕೆ ಹೋದರು. ಕ್ಲೈಪೆಡಾ ಎಂಬ ಬಂದರು ಊರು, ಕ್ಲಬ್ಬಿನ ಹೆಸರು ಅಟ್ಲಾಂಟಾಸ್. ಕಪ್ಪು ಮೈಬಣ್ಣದ ಆಟಗಾರ ಅಲ್ಲಿ ಹೊಸದು. ಗ್ಯಾಲರಿಯಿಂದ ಜನಾಂಗ ನಿಂದನೆಯ ಘೋಷಣೆ ಕೇಳಬೇಕಾಯಿತು. ಎದುರಾಳಿ ಅಭಿಮಾನಿಗಳದ್ದು ಮಾತ್ರ ಅಲ್ಲ, ಸ್ವಂತ ಊರಿನಲ್ಲೂ. ಇದನ್ನು ಅವರೇ ಎಷ್ಟೋ ಸಂದರ್ಶನಗಳಲ್ಲಿ ಹೇಳಿದ್ದಾರೆ. ವಾಪಸ್ ಓಡಿ ಬರಲಿಲ್ಲ. ಉಳಿದರು. 2001ರ ಲಿಥುವೇನಿಯಾ ಕಪ್ ಫೈನಲ್‌ನಲ್ಲಿ ಗೆಲುವಿನ ಗೋಲು ಅವರದೇ.

ಆ ವಯಸ್ಸಿನಲ್ಲಿ, ಭಾಷೆ ಬಾರದ ಊರಿನಲ್ಲಿ, ಒಬ್ಬರೇ. ಇದು ಯಾವ ಗೇಮ್‌ನ ಸ್ಕೋರ್‌ನಲ್ಲೂ ಕಾಣುವುದಿಲ್ಲ.

ಬ್ರಿಟನ್ನಿಗೆ ವಾಪಸ್ ಬಂದ ಮೇಲೂ ನೆಲೆ ಸಿಗಲಿಲ್ಲ. ಮೊದಲು ವೇಲ್ಸ್‌ನ ಬ್ಯಾರಿ ಟೌನ್. ಅಲ್ಲಿ ಲೀಗ್ ಗೆದ್ದರು, ವೆಲ್ಷ್ ಕಪ್ ಗೆದ್ದರು. ಅಷ್ಟರಲ್ಲಿ ಕ್ಲಬ್ಬಿನ ಹಣಕಾಸು ಕುಸಿಯಿತು. ಮುಂದಿನ ಒಂದೇ ಸೀಸನ್‌ನಲ್ಲಿ ಬಾಸ್ಟನ್ ಯುನೈಟೆಡ್, ಲೇಟನ್ ಓರಿಯಂಟ್, ರಶ್ಡನ್ ಆಂಡ್ ಡೈಮಂಡ್ಸ್, ಡಾಂಕಾಸ್ಟರ್ ರೋವರ್ಸ್. ನಾಲ್ಕು ಕ್ಲಬ್! ನಾಲ್ಕು ಡ್ರೆಸ್ಸಿಂಗ್ ರೂಮ್, ನಾಲ್ಕು ಮ್ಯಾನೇಜರ್, ನಾಲ್ಕು ಸಲ ಮೊದಲಿಂದ ನಂಬಿಕೆ ಗಳಿಸಬೇಕು.

ಥೇಮ್ಸ್ ಕಣಿವೆ

ನಾನು ಈಗ ಬಕಿಂಗ್‌ಹ್ಯಾಮ್‌ಶೈರ್‌ನಲ್ಲಿದ್ದೇನೆ, ಮೂಲ ಮೈಸೂರು ಕಡೆ. ವಿಕಮ್ ವಾಂಡರರ್ಸ್ ನಮಗೆ ಹತ್ತಿರದ ಕ್ಲಬ್. ಹಾಗಾಗಿ ಈ ಚರ್ಚೆ ನೋಡಿ ಖುಷಿ ಆಯ್ತು.

ಒಂದು ವಿಷಯ ಸೇರಿಸಬೇಕು. ಇಲ್ಲಿ ಕೆಳ ಲೀಗ್ ಆಟಗಾರರ ವರ್ಷ ಮೇ ತಿಂಗಳಲ್ಲಿ ತಿರುಗುತ್ತದೆ. ಕೊನೆಯ ಪಂದ್ಯ ಮುಗಿದ ಕೆಲವು ದಿನಕ್ಕೆ ಕ್ಲಬ್ 'ರಿಟೇನ್ಡ್ ಲಿಸ್ಟ್' ಹಾಕುತ್ತದೆ. ಯಾರನ್ನು ಉಳಿಸಿಕೊಂಡೆವು, ಯಾರಿಗೆ ಹೊಸ ಒಪ್ಪಂದ ಕೊಡಲು ಮಾತಾಡುತ್ತಿದ್ದೇವೆ, ಯಾರನ್ನು ಬಿಟ್ಟೆವು. ಅಷ್ಟೇ. ಬಿಟ್ಟವರ ಒಪ್ಪಂದ ಜೂನ್ 30ಕ್ಕೆ ಮುಗಿಯುತ್ತದೆ. ಒಂದು ವರ್ಷದ ಒಪ್ಪಂದ ಇಲ್ಲಿ ತೀರಾ ಮಾಮೂಲಿ. ಮನೆ ಬಾಡಿಗೆ, ಮಕ್ಕಳ ಶಾಲೆ ಎಲ್ಲ ಆ ಒಂದು ಪಟ್ಟಿಯ ಮೇಲೆ ನಿಂತಿರುತ್ತದೆ. ಟಿವಿಯಲ್ಲಿ ನಾವು ನೋಡುವ ಪ್ರೀಮಿಯರ್ ಲೀಗ್ ಹಣ ಇಲ್ಲಿಗೆ ಬರುವಷ್ಟರಲ್ಲಿ ತುಂಬಾ ತೆಳುವಾಗಿರುತ್ತದೆ.

ಅಕಿನ್‌ಫೆನ್ವಾ ನಾರ್ತಾಂಪ್ಟನ್‌ಗೆ ಎರಡು ಸಲ, ಗಿಲ್ಲಿಂಗಂಗೆ ಎರಡು ಸಲ ಆಡಿದ್ದು ಇದೇ ಕಾರಣಕ್ಕೆ ನನಗೆ ಮುಖ್ಯ ಅನ್ನಿಸುತ್ತದೆ. 2008ರಿಂದ ನಾರ್ತಾಂಪ್ಟನ್, 2010ರಲ್ಲಿ ಗಿಲ್ಲಿಂಗಂ, 2011ರಲ್ಲಿ ಮತ್ತೆ ನಾರ್ತಾಂಪ್ಟನ್, 2013ರಲ್ಲಿ ಮತ್ತೆ ಗಿಲ್ಲಿಂಗಂ. ಆಟಗಾರನನ್ನು ಕಳಿಸಿದ ಕ್ಲಬ್ಬೇ ಮತ್ತೆ ಕರೆಯುತ್ತದೆ ಅಂದರೆ ಒಳಗಿನವರಿಗೆ ಅವರ ಬೆಲೆ ಗೊತ್ತಿತ್ತು ಎಂದೇ ಅರ್ಥ.

ಸಿ ಡಿವಿಜನ್ ಕೋಚ್

ನಾನು ಬೆಂಗಳೂರಿನಲ್ಲಿ ಹುಡುಗರಿಗೆ ಆಟ ಕಲಿಸುವವನು. ಅಕಿನ್‌ಫೆನ್ವಾ ಕ್ಲಿಪ್‌ಗಳನ್ನು ನಮ್ಮ ಹುಡುಗರಿಗೆ ತೋರಿಸುತ್ತೇನೆ, ಗೋಲುಗಳನ್ನಲ್ಲ. ಗೋಲು ಆಗದ ಬಾಲ್‌ಗಳನ್ನು.

ಕೆಳ ಲೀಗ್ ಆಟ ಹೇಗಿರುತ್ತದೆ ಹೇಳಿ. 46 ಲೀಗ್ ಪಂದ್ಯ, ಶನಿವಾರ ಒಂದು, ಎಷ್ಟೋ ವಾರ ಮಂಗಳವಾರ ಇನ್ನೊಂದು. ಜನವರಿಯಲ್ಲಿ ಮೈದಾನ ಕೆಸರು. ಹಿಂದಿನಿಂದ ಸಣ್ಣ ಪಾಸ್ ಕೊಟ್ಟು ಆಡುವುದಕ್ಕೆ ಎಲ್ಲ ತಂಡಕ್ಕೂ ಆಗುವುದಿಲ್ಲ. ಗೋಲಿ (ಗೋಲ್‌ಕೀಪರ್) ಅಥವಾ ಸೆಂಟರ್ ಬ್ಯಾಕ್ (ನಡುವಿನ ಡಿಫೆಂಡರ್) ಉದ್ದಕ್ಕೆ ಹೊಡೆಯುತ್ತಾರೆ. ಆ ಬಾಲ್ 50 ಮೀಟರ್ ಗಾಳಿಯಲ್ಲಿ ಬರುತ್ತದೆ. ಅದನ್ನು ಮೇಲೆ ಒಬ್ಬ ಹಿಡಿದು ನಿಲ್ಲಿಸದಿದ್ದರೆ ಎರಡು ಸೆಕೆಂಡಿನಲ್ಲಿ ಅದು ವಾಪಸ್ ಬರುತ್ತದೆ. ಡಿಫೆನ್ಸ್ ಉಸಿರು ತೆಗೆದುಕೊಳ್ಳಲೂ ಆಗುವುದಿಲ್ಲ.

ಅಕಿನ್‌ಫೆನ್ವಾ ಮಾಡುತ್ತಿದ್ದುದು ನೋಡಿ. ಬಾಲ್ ಗಾಳಿಯಲ್ಲಿ ಇರುವಾಗಲೇ ಅವರು ಬಾಲ್ ನೋಡುವುದಕ್ಕಿಂತ ಮೊದಲು ಡಿಫೆಂಡರ್ ಎಲ್ಲಿದ್ದಾನೆ ಎಂದು ಹುಡುಕುತ್ತಾರೆ. ಬೆನ್ನು ಅವನಿಗೆ ತಾಗಿಸುತ್ತಾರೆ. ಸೊಂಟ ಕೆಳಗೆ ಇಳಿಸುತ್ತಾರೆ. ಇಷ್ಟಾದ ಮೇಲೆ ಡಿಫೆಂಡರ್ ಹಾರುವ ಹಾಗೇ ಇಲ್ಲ, ಹಾರಿದರೆ ಫೌಲ್. ಆಮೇಲೆ ಎದೆಯ ಮೇಲೆ ಬಾಲ್ ತೆಗೆದು, ಓಡಿ ಬರುವ ಮಿಡ್‌ಫೀಲ್ಡರ್ ಕಾಲಿಗೆ ಒಂದೇ ಟಚ್‌ನಲ್ಲಿ ಇಡುತ್ತಾರೆ. ಆ ಟಚ್ ಮೃದು. ಅದನ್ನು ಯಾರೂ ಹೇಳುವುದಿಲ್ಲ. ಎದೆಗೆ ಬಡಿದ ಬಾಲ್ ಎರಡು ಅಡಿ ಆಚೆ ಹಾರಿದರೂ ಎಲ್ಲ ಶಕ್ತಿ ದಂಡ.

ತೂಕ ಇದ್ದರೆ ತಳ್ಳಬಹುದು. ಆದರೆ ತಳ್ಳಿದರೆ ರೆಫರಿ ವಿಸಿಲ್ ಊದುತ್ತಾರೆ. ತಳ್ಳದೆ ಜಾಗ ಹಿಡಿಯುವುದೇ ಕಲೆ.

@ಕಂಠೀರವ ಗ್ಯಾಲರಿ, ಲ್ಯಾಂಬರ್ಟ್‌ಗೂ ಇದೇ ಕಲೆ ಇತ್ತು. ಅವರೂ ವೇಗದ ಆಟಗಾರ ಅಲ್ಲ. ಜೊತೆಗೆ ದೂರದಿಂದ ಹೊಡೆಯುವ ಕಾಲು, ಪಾಸ್ ಕೊಡುವ ಕಣ್ಣು. ಅದು ಇನ್ನೊಂದು ಮಟ್ಟ, ಒಪ್ಪುತ್ತೇನೆ. ಸೌತಾಂಪ್ಟನ್ ಪರ 34 ಪೆನಾಲ್ಟಿ ಹೊಡೆದರು, 34ಕ್ಕೆ 34 ಗೋಲು. ಇಂಥ ಲೆಕ್ಕ ನಾನು ಬೇರೆ ಎಲ್ಲೂ ನೋಡಿಲ್ಲ.

ಕಂಠೀರವ ಗ್ಯಾಲರಿ

ಕೋಚ್ ಸರ್, ಈ ವಿವರಣೆಗೆ ಥ್ಯಾಂಕ್ಸ್. ಬೆನ್ನು ತಾಗಿಸುವ ವಿಷಯ ನಾನು ಗಮನಿಸಿರಲಿಲ್ಲ, ಇವತ್ತು ರಾತ್ರಿ ಕೂತು ನೋಡುತ್ತೇನೆ.

ಪೆನಾಲ್ಟಿ ಮಾತು ಬಂದಿದ್ದಕ್ಕೆ ಕೇಳುತ್ತೇನೆ. ಸ್ವಾನ್ಸಿಯಲ್ಲಿ ಅಕಿನ್‌ಫೆನ್ವಾ ಒಂದು ದೊಡ್ಡ ಪೆನಾಲ್ಟಿ ತಪ್ಪಿಸಿದರು ಅಲ್ವಾ?

ಒಂಬತ್ತನೇ ನಂಬರ್

ಹೌದು. ಅವರ ಜೀವನದ ಅತಿ ಎತ್ತರದ ಮತ್ತು ಅತಿ ಕೆಟ್ಟ ದಿನಗಳು ಎರಡೂ ಸ್ವಾನ್ಸಿಯಲ್ಲೇ ಅಕ್ಕಪಕ್ಕ ಬಂದವು ಎಂದು ನನಗೆ ಅನ್ನಿಸುತ್ತದೆ.

ಟಾರ್ಕಿಯಲ್ಲಿ ಒಂದು ಒಳ್ಳೆಯ ಸೀಸನ್ ಆಡಿ 2005ರಲ್ಲಿ ಅಲ್ಲಿಗೆ ಬಂದರು. ಸ್ವಾನ್ಸಿ ಆಗ ಲೀಗ್ ಒನ್‌ನಲ್ಲಿತ್ತು, ಹೊಸ ಸ್ಟೇಡಿಯಂ ಕಟ್ಟಿಸಿಕೊಂಡಿತ್ತು. 2005ರ ಆಗಸ್ಟ್ 6, ಟ್ರಾನ್‌ಮಿಯರ್ ವಿರುದ್ಧ ಆ ಸ್ಟೇಡಿಯಂನ ಮೊದಲ ಲೀಗ್ ಪಂದ್ಯ. 1–0. ಗೋಲು ಅಕಿನ್‌ಫೆನ್ವಾದು. ಮುಂದೆ ಸ್ವಾನ್ಸಿ ಪ್ರೀಮಿಯರ್ ಲೀಗ್ ಆಡಿದ್ದು ಅದೇ ಮೈದಾನದಲ್ಲಿ. ಅಲ್ಲಿನ ಮೊದಲ ಅಧಿಕೃತ ಗೋಲಿನ ಪಕ್ಕ ಯಾವತ್ತೂ ಇವರ ಹೆಸರೇ ಇರುತ್ತದೆ.

2006ರ ಏಪ್ರಿಲ್‌ನಲ್ಲಿ ಕಾರ್ಡಿಫ್‌ನ ಮಿಲೇನಿಯಂ ಸ್ಟೇಡಿಯಂನಲ್ಲಿ ಫುಟ್‌ಬಾಲ್ ಲೀಗ್ ಟ್ರೋಫಿ ಫೈನಲ್. ಕಾರ್ಲೈಲ್ ವಿರುದ್ಧ 2–1. ಗೆಲುವಿನ ಗೋಲು ಇವರದು. (ನಾಲ್ಕು ವರ್ಷದ ಮೇಲೆ ಅದೇ ಟ್ರೋಫಿ ಫೈನಲ್‌ನಲ್ಲಿ, ಅದೇ ಕಾರ್ಲೈಲ್ ವಿರುದ್ಧ ಸೌತಾಂಪ್ಟನ್‌ನ ಲ್ಯಾಂಬರ್ಟ್ ಕೂಡ ಗೋಲು ಹೊಡೆದರು.)

ಮುಂದಿನ ತಿಂಗಳು ಮತ್ತೆ ಅದೇ ಮಿಲೇನಿಯಂ ಸ್ಟೇಡಿಯಂ. ಈ ಸಲ ಲೀಗ್ ಒನ್ ಪ್ಲೇ-ಆಫ್ ಫೈನಲ್, ಎದುರಿಗೆ ಬಾರ್ನ್ಸ್‌ಲಿ. 2–2. ಪೆನಾಲ್ಟಿ ಶೂಟೌಟ್. ಅಕಿನ್‌ಫೆನ್ವಾ ಹೊಡೆದದ್ದು ಬಾರ್ ಮೇಲೆ ಹೋಯಿತು. ಅಲನ್ ಟೇಟ್ ಹೊಡೆದದ್ದನ್ನು ಗೋಲಿ ತಡೆದರು. ಬಾರ್ನ್ಸ್‌ಲಿ ಚಾಂಪಿಯನ್‌ಶಿಪ್‌ಗೆ ಹೋಯಿತು.

ಆಗ ಅವರಿಗೆ 24. ಆ ಒಂದು ಕಿಕ್ ಒಳಗೆ ಹೋಗಿ ಸ್ವಾನ್ಸಿ ಗೆದ್ದಿದ್ದರೆ ಅದೇ ಆಗಸ್ಟ್‌ನಲ್ಲಿ ಚಾಂಪಿಯನ್‌ಶಿಪ್ ಆಡುತ್ತಿದ್ದರು. ಬದಲಿಗೆ ಆ ಲೀಗ್‌ಗೆ ಕಾಲಿಡಲು ಇನ್ನೂ 14 ವರ್ಷ ಬೇಕಾಯಿತು. ಮುಂದಿನ ಸೀಸನ್‌ನಲ್ಲಿ ಕಾಲು ಮುರಿಯಿತು. 2007ರಲ್ಲಿ ಒಪ್ಪಂದ ಮುಗಿಯಿತು. ಕ್ಲಬ್ ಇಲ್ಲದೆ ಕೆಲವು ತಿಂಗಳು ಕಳೆದರು, ಮಿಲ್‌ವಾಲ್‌ಗೆ ಹೋದರು, ಅಲ್ಲಿ ಒಂದೂ ಗೋಲು ಬರಲಿಲ್ಲ. ಕಾಲು ಮುರಿದುಕೊಂಡು ಬಂದ, ತೂಕ ಜಾಸ್ತಿ ಇರುವ 25 ವರ್ಷದ ಫಾರ್ವರ್ಡ್. ಆ ಹೊತ್ತಿಗೆ ಎಷ್ಟು ಜನ ಆಟ ಬಿಟ್ಟು ಬೇರೆ ಕೆಲಸ ನೋಡಿಕೊಂಡಿರುತ್ತಾರೆ!

ಲ್ಯಾಂಬರ್ಟ್ ಜೊತೆ ಹೋಲಿಸುವಾಗ ಇದನ್ನೂ ನೋಡಬೇಕು. ಲ್ಯಾಂಬರ್ಟ್ 27ಕ್ಕೆ ಸೌತಾಂಪ್ಟನ್ ಸೇರಿದರು. ಆ ಕ್ಲಬ್ ಆಗ ಲೀಗ್ ಒನ್‌ನಲ್ಲಿ ಮೈನಸ್ 10 ಪಾಯಿಂಟ್‌ನಿಂದ ಶುರು ಮಾಡಿತ್ತು, ನಿಜ. ಆದರೆ ಮಾರ್ಕಸ್ ಲೀಬೆರ್ ಎಂಬ ಉದ್ಯಮಿ ಅದನ್ನು ಆಗಷ್ಟೇ ಕೊಂಡಿದ್ದರು, ಹಣ ಹಾಕಿದರು. ಮ್ಯಾನೇಜರ್ ಅಲನ್ ಪಾರ್ಡ್ಯೂ ಅವರ ಫಿಟ್‌ನೆಸ್ ಮೇಲೆ ಕೂತು ಕೆಲಸ ಮಾಡಿಸಿದರು. ಕ್ಲಬ್ ಮೂರು ವರ್ಷದಲ್ಲಿ ಎರಡು ಮೆಟ್ಟಿಲು ಹತ್ತಿತು, ಲ್ಯಾಂಬರ್ಟ್ ಅದರ ಜೊತೆಗೇ ಹತ್ತಿದರು. ಅವರ ಪ್ರತಿಭೆ ಇದರಿಂದ ಕಮ್ಮಿ ಆಗುವುದಿಲ್ಲ. ಆದರೆ ಸರಿಯಾದ ವಯಸ್ಸಿಗೆ ಸರಿಯಾದ ಕ್ಲಬ್ ಸಿಗುವುದು ಆಟಗಾರನ ಕೈಯಲ್ಲಿ ಇಲ್ಲ.

ಕಂಠೀರವ ಗ್ಯಾಲರಿ

ಈ ಮಾತು ಒಪ್ಪಿದೆ. ಕೆಳ ಲೀಗ್‌ನಿಂದ ಹತ್ತಿದ ಇನ್ನೊಬ್ಬ ಫಾರ್ವರ್ಡ್ ಜೇಮಿ ವಾರ್ಡಿ ಕಥೆಯಲ್ಲೂ ಅದೇ. ಫ್ಲೀಟ್‌ವುಡ್‌ನಿಂದ ಲೆಸ್ಟರ್ ಕರೆದುಕೊಂಡು ಹೋಗದಿದ್ದರೆ ಏನಾಗುತ್ತಿತ್ತೋ.

ಇನ್ನು ನಮ್ಮ ಊರಿನ ಒಂದು ಕೊಂಡಿ ಇದೆ, ಹೇಳದೆ ಇರಲಾರೆ. ನಾರ್ತಾಂಪ್ಟನ್ 2013ರ ಮೇ ತಿಂಗಳಲ್ಲಿ ಲೀಗ್ ಟೂ ಪ್ಲೇ-ಆಫ್ ಫೈನಲ್ ಆಡಿತು, ವೆಂಬ್ಲಿಯಲ್ಲಿ ಬ್ರಾಡ್‌ಫರ್ಡ್ ಸಿಟಿ ಎದುರು 3–0 ಸೋತಿತು. ಆ ಸೀಸನ್ ನಾರ್ತಾಂಪ್ಟನ್ ತಂಡದಲ್ಲಿ ಅಕಿನ್‌ಫೆನ್ವಾ ಇದ್ದರು. ಅದೇ ತಂಡದಲ್ಲಿ ಜಾನ್ ಜಾನ್ಸನ್ ಎಂಬ ಡಿಫೆಂಡರ್ ಇದ್ದರು. ಸೋತ ಬೇಸಿಗೆಯಲ್ಲಿ ಇಬ್ಬರೂ ಕ್ಲಬ್ ಬಿಟ್ಟರು. ಅಕಿನ್‌ಫೆನ್ವಾ ಗಿಲ್ಲಿಂಗಂಗೆ ಹೋದರು. ಜಾನ್ಸನ್ ಬಂದದ್ದು ನಮ್ಮ ಬೆಂಗಳೂರು ಎಫ್‌ಸಿಗೆ!

ಹೊಸದಾಗಿ ಹುಟ್ಟಿದ ಕ್ಲಬ್, ಅಶೋಕ ನಗರದ ಫುಟ್‌ಬಾಲ್ ಸ್ಟೇಡಿಯಂನಲ್ಲಿ ಮೊದಲ ಸೀಸನ್, ಮೊದಲ ಯತ್ನದಲ್ಲೇ ಆಗ ದೇಶದ ದೊಡ್ಡ ಲೀಗ್ ಆಗಿದ್ದ ಐ-ಲೀಗ್ ಗೆಲುವು. ಆ ಡಿಫೆನ್ಸ್‌ನ ನಡುವೆ ಜಾನ್ಸನ್. ಕೋಚ್ ಆಶ್ಲಿ ವೆಸ್ಟ್‌ವುಡ್ ಕೂಡ ಇಂಗ್ಲೆಂಡಿನ ಕೆಳ ಲೀಗ್‌ಗಳಲ್ಲಿ ಊರೂರು ಸುತ್ತಿ ಆಡಿದವರು, ನಾರ್ತಾಂಪ್ಟನ್ ಅವರ ಕ್ಲಬ್‌ಗಳಲ್ಲೂ ಒಂದು. ನಂತರ ಕಂಠೀರವದಲ್ಲಿ ಜಾನ್ಸನ್ ಹೆಸರನ್ನು ನಾವು ಎಷ್ಟು ಕೂಗಿದ್ದೇವೆ! ಲೀಗ್ ಟೂ ಆಟಗಾರ ಅಂದರೆ ಏನು ಎಂದು ನಾನು ಮೊದಲು ಕಣ್ಣಾರೆ ನೋಡಿದ್ದು ಅವರಲ್ಲೇ. ಒಂದು ಹೆಡರ್ ಬಿಡುವುದಿಲ್ಲ, ಒಂದು ಟ್ಯಾಕಲ್ ಅರ್ಧಕ್ಕೆ ನಿಲ್ಲಿಸುವುದಿಲ್ಲ, ಸುಮ್ನೆ ಬೀಳುವುದಂತೂ ಇಲ್ಲವೇ ಇಲ್ಲ.

ಅಂಥ ಡಿಫೆಂಡರ್‌ಗಳು ದಿನಾ ಪ್ರಾಕ್ಟೀಸ್‌ನಲ್ಲಿ ಅಕಿನ್‌ಫೆನ್ವಾ ಬೆನ್ನಿಗೆ ನಿಲ್ಲುತ್ತಿದ್ದರು. ಇದನ್ನು ಬರೆಯುತ್ತಾ ಬರೆಯುತ್ತಾ ನನ್ನ ಅಭಿಪ್ರಾಯ ಸ್ವಲ್ಪ ಬದಲಾಗುತ್ತಿದೆ.

ಥೇಮ್ಸ್ ಕಣಿವೆ

ಜಾನ್ಸನ್ ವಿಷಯ ಗೊತ್ತಿರಲಿಲ್ಲ, ತುಂಬಾ ಖುಷಿ ಆಯ್ತು ಓದಿ.

ಈಗ ವಿಂಬಲ್ಡನ್ ಭಾಗ ನಾನು ಬರೆಯುತ್ತೇನೆ. 2014ರಲ್ಲಿ ಅಕಿನ್‌ಫೆನ್ವಾ ಎಎಫ್‌ಸಿ ವಿಂಬಲ್ಡನ್ ಸೇರಿದರು. ಈ ಕ್ಲಬ್ ಹುಟ್ಟಿದ ಬಗೆ ಗೊತ್ತಿಲ್ಲದವರಿಗೆ: ಹಳೆಯ ವಿಂಬಲ್ಡನ್ ಕ್ಲಬ್ಬನ್ನು ಮಿಲ್ಟನ್ ಕೀನ್ಸ್‌ಗೆ ಸಾಗಿಸಲು ಅನುಮತಿ ಸಿಕ್ಕಾಗ ಅಭಿಮಾನಿಗಳು ಬಿಡಲಿಲ್ಲ, 2002ರಲ್ಲಿ ತಾವೇ ಹೊಸ ಕ್ಲಬ್ ಕಟ್ಟಿದರು. ತೀರಾ ಕೆಳಗಿನ ಲೀಗ್‌ನಿಂದ ಹತ್ತಿ 2011ರಲ್ಲಿ ಲೀಗ್ ಟೂಗೆ ಬಂದರು. ಅಭಿಮಾನಿಗಳ ಕ್ಲಬ್ ಅದು. ಅಕಿನ್‌ಫೆನ್ವಾ ಅಲ್ಲಿ ಚೆನ್ನಾಗಿ ಹೊಂದಿಕೊಂಡರು.

2015ರ ಜನವರಿ 5, ಎಫ್‌ಎ ಕಪ್ ಮೂರನೇ ಸುತ್ತು. ಕಿಂಗ್ಸ್‌ಮೆಡೊ ಎಂಬ ಪುಟ್ಟ ಮೈದಾನಕ್ಕೆ ಲಿವರ್‌ಪೂಲ್ ಬಂತು. ಅಕಿನ್‌ಫೆನ್ವಾ ಹುಟ್ಟಾ ಲಿವರ್‌ಪೂಲ್ ಅಭಿಮಾನಿ. ಲಿವರ್‌ಪೂಲ್ ನಾಯಕ ಸ್ಟೀವನ್ ಜೆರಾರ್ಡ್ ಆ ಸೀಸನ್ ಮುಗಿದ ಮೇಲೆ ಕ್ಲಬ್ ಬಿಡುತ್ತೇನೆ ಎಂದು ಘೋಷಿಸಿ ಕೆಲವೇ ದಿನ ಆಗಿತ್ತು. ಮೊದಲು ಜೆರಾರ್ಡ್ ಗೋಲು. ಆಮೇಲೆ ಕಾರ್ನರ್‌ನಿಂದ ಬಂದ ಗಲಿಬಿಲಿಯಲ್ಲಿ ಅಕಿನ್‌ಫೆನ್ವಾ ಬಾಲ್ ಒಳಗೆ ತಳ್ಳಿದರು. 1–1. ಇಡೀ ಕಿಂಗ್ಸ್‌ಮೆಡೊ ಎದ್ದು ನಿಂತಿತು. ದ್ವಿತೀಯಾರ್ಧದಲ್ಲಿ ಜೆರಾರ್ಡ್ ಫ್ರೀ ಕಿಕ್, 2–1. ಪಂದ್ಯ ಮುಗಿದ ಮೇಲೆ ಜೆರಾರ್ಡ್ ಶರ್ಟ್ ಅಕಿನ್‌ಫೆನ್ವಾ ಕೈಗೆ ಬಂತು. (ಲ್ಯಾಂಬರ್ಟ್ ಆ ಸೀಸನ್ ಲಿವರ್‌ಪೂಲ್‌ನಲ್ಲೇ ಇದ್ದರು. ಒಂದೇ ವರ್ಷ ಹುಟ್ಟಿದ ಇಬ್ಬರು ಕೆಳ ಲೀಗ್ ಹುಡುಗರು, ಎದುರು ಬದುರು ಕ್ಲಬ್‌ಗಳಲ್ಲಿ.)

2016ರ ಮೇ 30, ವೆಂಬ್ಲಿ, ಲೀಗ್ ಟೂ ಪ್ಲೇ-ಆಫ್ ಫೈನಲ್, ಎದುರಿಗೆ ಪ್ಲಿಮತ್. ಲೈಲ್ ಟೇಲರ್ ಮೊದಲ ಗೋಲು ಹೊಡೆದರು. 90 ನಿಮಿಷ ಮುಗಿದ ಮೇಲಿನ ಇಂಜುರಿ ಟೈಮ್‌ನಲ್ಲಿ ಪೆನಾಲ್ಟಿ ಸಿಕ್ಕಿತು. ಅಕಿನ್‌ಫೆನ್ವಾ ತಾನೇ ಹೊಡೆಯುತ್ತೇನೆ ಎಂದು ಹಠ ಹಿಡಿದರು, ಹೊಡೆದರು, 2–0. ಹತ್ತು ವರ್ಷ ಹಿಂದೆ ಕಾರ್ಡಿಫ್‌ನಲ್ಲಿ ಬಾರ್ ಮೇಲೆ ಹೋದ ಕಿಕ್ ನೆನಪಿದ್ದವರಿಗೆ ಆ ಹಠ ಅರ್ಥ ಆಗುತ್ತದೆ.

ಅದೇ ಹೊತ್ತಿಗೆ ಅವರ ಒಪ್ಪಂದ ಮುಗಿಯುತ್ತಾ ಬಂದಿತ್ತು. ಮೈದಾನದಲ್ಲೇ ಟಿವಿ ಮೈಕ್ ಮುಂದೆ ನಿಂತು, ಈಗ ನನಗೆ ಕೆಲಸ ಇಲ್ಲ, ಯಾರಾದರೂ ಮ್ಯಾನೇಜರ್‌ಗಳು ಬೇಕಿದ್ದರೆ ವಾಟ್ಸಾಪ್‌ನಲ್ಲಿ ಸಂಪರ್ಕಿಸಿ ಎಂದರು. ಜನ ನಕ್ಕರು, ವಿಡಿಯೋ ಎಲ್ಲ ಕಡೆ ಓಡಿತು. ಆದರೆ ಅದು ನಿಜದ ಮಾತು. ನಾನು ಮೇಲೆ ಬರೆದ ರಿಟೇನ್ಡ್ ಲಿಸ್ಟ್ ನೆನಪಿಸಿಕೊಳ್ಳಿ. ವೆಂಬ್ಲಿಯಲ್ಲಿ ಗೋಲು ಹೊಡೆದು ತಂಡವನ್ನು ಮೇಲಿನ ಲೀಗ್‌ಗೆ ಕಳಿಸಿದ 34ರ ಮನುಷ್ಯನಿಗೆ ಜೂನ್ ಕಳೆದ ಮೇಲೆ ಸಂಬಳ ಎಲ್ಲಿಂದ ಎಂದು ಗೊತ್ತಿರಲಿಲ್ಲ.

ಮಲೆನಾಡ ಅಮ್ಮ

ಎಲ್ಲರಿಗೂ ನಮಸ್ಕಾರ. ನಾನು ಫುಟ್‌ಬಾಲ್ ಬಗ್ಗೆ ಜಾಸ್ತಿ ತಿಳಿದವಳಲ್ಲ. ನನ್ನ ಮಗನಿಗೆ 13 ವರ್ಷ. ಶಾಲೆಯ ತಂಡದಲ್ಲಿ ಆಡುತ್ತಾನೆ. ಮೈ ಸ್ವಲ್ಪ ದಪ್ಪ. ಫಾರ್ವರ್ಡ್ ಆಡಬೇಕೆಂದು ಅವನಿಗೆ ಆಸೆ. ನೀನು ದಪ್ಪ ಇದ್ದೀಯ, ಗೋಲಿ ಆಗು ಎಂದು ಎಲ್ಲರೂ ಹೇಳುತ್ತಾರೆ. ಅವನು ಈ ಅಕಿನ್‌ಫೆನ್ವಾ ಹೆಸರು ಹೇಳುತ್ತಿರುತ್ತಾನೆ, ಅದಕ್ಕೇ ಹುಡುಕಿಕೊಂಡು ಇಲ್ಲಿಗೆ ಬಂದೆ. ಎಲ್ಲ ಓದಿದೆ. ತುಂಬಾ ಚೆನ್ನಾಗಿ ಬರೆದಿದ್ದೀರಿ.

ಎರಡು ಪ್ರಶ್ನೆ. ಪ್ಲೇ-ಆಫ್ ಎಂದರೆ ಏನು? ಮತ್ತು ಕೋಚ್ ಸರ್, ದಪ್ಪ ಹುಡುಗ ಆ ಬೆನ್ನು ತಾಗಿಸುವ ಆಟ ಮನೆಯ ಹತ್ತಿರ ಹೇಗೆ ಕಲಿಯಬಹುದು?

ಒಂಬತ್ತನೇ ನಂಬರ್

ಅಮ್ಮಾ, ನಮಸ್ಕಾರ. ನೀವು ಬಂದಿದ್ದು ಸಂತೋಷ.

ಲೀಗ್ ಟೂನಲ್ಲಿ ಮೊದಲ ಮೂರು ತಂಡ ನೇರವಾಗಿ ಮೇಲೆ ಹೋಗುತ್ತವೆ. ನಾಲ್ಕರಿಂದ ಏಳನೇ ಸ್ಥಾನದವರೆಗಿನ ನಾಲ್ಕು ತಂಡ ಸೆಮಿಫೈನಲ್, ಫೈನಲ್ ಆಡುತ್ತವೆ. ಗೆದ್ದ ಒಬ್ಬರು ಮಾತ್ರ ಮೇಲೆ. ಲೀಗ್ ಒನ್‌ನಲ್ಲಿ ಇಬ್ಬರು ನೇರ, ಮೂರರಿಂದ ಆರನೇ ಸ್ಥಾನದವರಿಗೆ ಪ್ಲೇ-ಆಫ್. 46 ಪಂದ್ಯ ಆಡಿ, ಕೊನೆಗೆ ಒಂದು ಮಧ್ಯಾಹ್ನದಲ್ಲಿ ಎಲ್ಲ ತೀರ್ಮಾನ ಆಗುತ್ತದೆ. ಅದಕ್ಕೇ ಆ ಫೈನಲ್‌ಗಳಲ್ಲಿ ಅಷ್ಟು ಕಣ್ಣೀರು.

ಎರಡನೆಯದಕ್ಕೆ ಕೋಚ್ ಸರ್ ಉತ್ತರ ಕೊಡಲಿ.

ಥೇಮ್ಸ್ ಕಣಿವೆ

ಕೋಚ್ ಸರ್ ಬರುವಷ್ಟರಲ್ಲಿ ವಿಕಮ್ ಕಥೆ ಮುಗಿಸುತ್ತೇನೆ.

ವಿಕಮ್ ಮ್ಯಾನೇಜರ್ ಗ್ಯಾರೆತ್ ಏನ್ಸ್‌ವರ್ತ್ 2016ರಲ್ಲಿ ಅಕಿನ್‌ಫೆನ್ವಾರನ್ನು ಕರೆದರು. ಹೈ ವಿಕಮ್ ಹಿಂದೆ ಕುರ್ಚಿ ಮಾಡುವ ಊರು, ಕ್ಲಬ್ಬಿಗೂ ಅದೇ ಅಡ್ಡಹೆಸರು. ಆಡಮ್ಸ್ ಪಾರ್ಕ್ ಮೈದಾನ ಇರುವುದು ಕೈಗಾರಿಕಾ ಪ್ರದೇಶದ ರಸ್ತೆಯ ಕಟ್ಟಕಡೆ, ಹಿಂದೆ ಗುಡ್ಡ, ಮರ. ಹತ್ತು ಸಾವಿರ ಜನ ಹಿಡಿಸುತ್ತದೆ. ಹಣ ಕಡಿಮೆ ಇರುವ ಕ್ಲಬ್. 2014ರಲ್ಲಿ ಕೊನೆಯ ದಿನ ಗೆದ್ದು ಲೀಗ್‌ನಿಂದ ಹೊರಬೀಳುವುದನ್ನು ಕೂದಲೆಳೆಯಲ್ಲಿ ತಪ್ಪಿಸಿಕೊಂಡಿತ್ತು.

ಅಲ್ಲಿ ಆರು ವರ್ಷ ಇದ್ದರು. ಅವರ ಬದುಕಿನಲ್ಲೇ ಒಂದೇ ಕಡೆ ಅತಿ ಉದ್ದದ ಕಾಲ. ಏನ್ಸ್‌ವರ್ತ್ ತಂಡದ ಆಟವನ್ನೇ ಅವರ ಸುತ್ತ ಕಟ್ಟಿದರು. ಉದ್ದದ ಬಾಲ್, ಸೆಟ್ ಪೀಸ್ (ಕಾರ್ನರ್, ಫ್ರೀ ಕಿಕ್), ಸೆಕೆಂಡ್ ಬಾಲ್ (ಮೊದಲ ಹೆಡರ್ ಆದ ಮೇಲೆ ಸಿಡಿದು ಬೀಳುವ ಬಾಲ್). ಇದನ್ನು ಹಳೆಯ ಕಾಲದ ಆಟ ಎಂದು ಬೈದವರು ತುಂಬಾ ಜನ. ನನಗೆ ಅದು ಹಾಗೆ ಕಾಣಲಿಲ್ಲ. ಇರುವ ಆಟಗಾರರ ಬಲ ಏನೋ ಅದಕ್ಕೆ ತಕ್ಕ ಆಟ. 2018ರಲ್ಲಿ ಲೀಗ್ ಒನ್‌ಗೆ ಹೋದರು. 2020ರಲ್ಲಿ ಕೋವಿಡ್‌ನಿಂದ ಸೀಸನ್ ಅರ್ಧಕ್ಕೆ ನಿಂತಿತು, ಆಡಿದ ಪಂದ್ಯಗಳ ಸರಾಸರಿ ಪಾಯಿಂಟ್ ಮೇಲೆ ಸ್ಥಾನ ನಿರ್ಧರಿಸಿದರು. ಎಂಟನೇ ಜಾಗದಲ್ಲಿದ್ದ ವಿಕಮ್ ಮೂರಕ್ಕೆ ಬಂತು. ಪ್ಲೇ-ಆಫ್ ಸೆಮಿಯಲ್ಲಿ ಫ್ಲೀಟ್‌ವುಡ್, ಜುಲೈ 13ರಂದು ಜನರೇ ಇಲ್ಲದ ವೆಂಬ್ಲಿಯಲ್ಲಿ ಆಕ್ಸ್‌ಫರ್ಡ್ ಯುನೈಟೆಡ್. ಜೋ ಜೇಕಬ್‌ಸನ್ ಪೆನಾಲ್ಟಿ ಹೊಡೆದು 2–1. ಕ್ಲಬ್ಬಿನ ಇತಿಹಾಸದಲ್ಲಿ ಮೊದಲ ಸಲ ಚಾಂಪಿಯನ್‌ಶಿಪ್.

ಆ ಬೇಸಿಗೆಯಲ್ಲೇ ಲಿವರ್‌ಪೂಲ್ ಪ್ರೀಮಿಯರ್ ಲೀಗ್ ಗೆದ್ದಿತ್ತು. ಅಕಿನ್‌ಫೆನ್ವಾ ಮತ್ತೆ ಟಿವಿ ಮುಂದೆ ನಿಂತು, ಈಗ ವಾಟ್ಸಾಪ್ ಮಾಡಬೇಕಾದವರು ಕ್ಲಾಪ್ (ಆಗಿನ ಲಿವರ್‌ಪೂಲ್ ಮ್ಯಾನೇಜರ್) ಒಬ್ಬರೇ ಎಂದರು. ಯುರ್ಗನ್ ಕ್ಲಾಪ್ ನಿಜವಾಗಿಯೂ ವಿಡಿಯೋ ಕಳಿಸಿ ಅಭಿನಂದಿಸಿದರು.

ಹಾಗೆ 38ನೇ ವಯಸ್ಸಿಗೆ ಮೊದಲ ಸಲ ಚಾಂಪಿಯನ್‌ಶಿಪ್. ವಿಕಮ್ ಆ ಸೀಸನ್ 43 ಪಾಯಿಂಟ್, ಅದರ ಮೇಲಿದ್ದ ಡರ್ಬಿ 44. ಒಂದು ಪಾಯಿಂಟ್‌ನಲ್ಲಿ ಕೆಳಗೆ ಬಂದರು. ಹಣಕಾಸಿನ ವಿಷಯಕ್ಕೆ ಡರ್ಬಿಗೆ ಪಾಯಿಂಟ್ ಕಡಿತ ಆಗಿದ್ದು ಮುಂದಿನ ಸೀಸನ್‌ನಲ್ಲಿ. ಅಷ್ಟರಲ್ಲಿ ವಿಕಮ್ ಕೆಳಗೆ ಇಳಿದಾಗಿತ್ತು. ಈ ಊರಿನಲ್ಲಿ ಇವತ್ತಿಗೂ ಆ ನೋವು ಹೋಗಿಲ್ಲ, ನನಗೂ ಹೋಗಿಲ್ಲ.

2022ರ ಮೇ 21, ಲೀಗ್ ಒನ್ ಪ್ಲೇ-ಆಫ್ ಫೈನಲ್, ಸಂಡರ್‌ಲೆಂಡ್ ಎದುರು 2–0 ಸೋಲು. ಅದರ ಜೊತೆಗೆ ಆಟ ಬಿಟ್ಟರು.

ಕಂಠೀರವ ಗ್ಯಾಲರಿ

ನಿನ್ನೆ ರಾತ್ರಿ ವಿಂಬಲ್ಡನ್–ಲಿವರ್‌ಪೂಲ್ ಪಂದ್ಯದ ಕ್ಲಿಪ್‌ಗಳನ್ನು ನೋಡಿದೆ. ಕೋಚ್ ಸರ್ ಹೇಳಿದ ಹಾಗೆ ಬಾಲ್ ಬಿಟ್ಟು ಬೆನ್ನು ನೋಡಿದೆ. ಗೋಲಿಗಿಂತ ಅದೇ ಚೆನ್ನಾಗಿದೆ. ದೊಡ್ಡ ದೊಡ್ಡ ಡಿಫೆಂಡರ್‌ಗಳು ಅವರ ಸುತ್ತ ಬಂದು ಬಾಲ್ ಮುಟ್ಟಲಾಗದೆ ನಿಲ್ಲುತ್ತಾರೆ.

ಲ್ಯಾಂಬರ್ಟ್ ದೊಡ್ಡ ಆಟಗಾರ ಎಂಬ ನನ್ನ ಮಾತು ಹಾಗೇ ಇರಲಿ. ಆದರೆ ಅಕಿನ್‌ಫೆನ್ವಾ ಹೆಸರು ಗೇಮ್‌ನಿಂದ ಬಂದದ್ದು ಎಂಬುದನ್ನು ಇನ್ನು ಹೇಳುವುದಿಲ್ಲ.

ಸಿ ಡಿವಿಜನ್ ಕೋಚ್

ಪ್ರಾಕ್ಟೀಸ್ ಇತ್ತು, ತಡ ಆಯ್ತು. ಅಮ್ಮಾ, ನಿಮ್ಮ ಮಗನ ಪ್ರಶ್ನೆಗೆ.

ಮೊದಲು ಗೋಡೆ. ಗೋಡೆಗೆ ಬಾಲ್ ಹೊಡೆದು ವಾಪಸ್ ಬಂದದ್ದನ್ನು ಒಂದೇ ಟಚ್‌ನಲ್ಲಿ ಕಾಲ ಕೆಳಗೆ ನಿಲ್ಲಿಸಲಿ. ಎರಡೂ ಕಾಲಿನಲ್ಲಿ. ಮೊದಲು ಮೆಲ್ಲಗೆ, ಆಮೇಲೆ ಜೋರಾಗಿ. ದಿನಾ ಹತ್ತು ಹದಿನೈದು ನಿಮಿಷ ಸಾಕು. ಟಚ್ ಇಲ್ಲದೆ ಬೆನ್ನಿನಿಂದ ಉಪಯೋಗ ಇಲ್ಲ.

ಆಮೇಲೆ ಒಬ್ಬ ಗೆಳೆಯನನ್ನು ಬೆನ್ನಿಗೆ ನಿಲ್ಲಿಸಿಕೊಳ್ಳಲಿ. ಇನ್ನೊಬ್ಬ ಹತ್ತು ಹೆಜ್ಜೆ ದೂರದಿಂದ ಪಾಸ್ ಕೊಡಲಿ. ಬಾಲ್ ಬರುವ ಮೊದಲೇ ಒಂದು ಹೆಜ್ಜೆ ಹಿಂದೆ ಹೋಗಿ ಬೆನ್ನು ತಾಗಿಸಬೇಕು. ಮಂಡಿ ಬಗ್ಗಿರಬೇಕು, ಕಾಲು ಅಗಲ ಇರಬೇಕು. ಕೈ ಮೈಗೆ ಹತ್ತಿರ, ಮೇಲೆತ್ತಿ ತಳ್ಳಬಾರದು, ತಳ್ಳಿದರೆ ಫೌಲ್. ಡಿಫೆಂಡರ್‌ನಿಂದ ದೂರದ ಕಾಲಿನಲ್ಲಿ ಬಾಲ್ ಹಿಡಿಯಬೇಕು. ಹಿಡಿದು ವಾಪಸ್ ಪಾಸ್. ಅಷ್ಟೇ. ತಿರುಗುವುದು ಆಮೇಲೆ ಕಲಿಯಬಹುದು.

ಓಡುವ ಶಕ್ತಿ ಬೇಕು, ಅದನ್ನು ಬಿಡುವ ಹಾಗಿಲ್ಲ. ಆದರೆ 13ರ ಹುಡುಗನನ್ನು ಊಟ ಬಿಡಿಸಿ ಸಣ್ಣ ಮಾಡಲು ಹೋಗಬೇಡಿ, ಬೆಳೆಯುವ ವಯಸ್ಸು. ಗೋಲಿ ಆಗು ಎಂದವರಿಗೆ ಒಂದು ಪಂದ್ಯ ಫಾರ್ವರ್ಡ್ ಆಡಿಸಿ ನೋಡಿ ಎಂದು ಅವನೇ ಕೇಳಲಿ. ನೀವು ಹೋಗಿ ಕೇಳುವುದಕ್ಕಿಂತ ಅದು ಒಳ್ಳೆಯದು.

ಬೆನ್ನು ತಾಗಿಸುವ ವಿಡಿಯೋ ಒಂದು ನಮ್ಮ ಹುಡುಗರ ಜೊತೆ ಮಾಡಿ ಇದೇ ಎಳೆಯಲ್ಲಿ ಹಾಕುತ್ತೇನೆ. ಅವನು ಮಾಡಿದ್ದನ್ನೂ ಮೊಬೈಲ್‌ನಲ್ಲಿ ತೆಗೆದು ನನಗೆ ಕಳಿಸಿ, ಎಲ್ಲಿ ತಿದ್ದಬೇಕೋ ಹೇಳುತ್ತೇನೆ.